ಆ ಎರಡು ನಿಮಿಷಕ್ಕೆ ಕತ್ತರಿ ಹಾಕಬೇಡಿ

ಪ್ರಶ್ನೆ: ನಾನು ತೀರ್ಥಹಳ್ಳಿ ತಾಲ್ಲೂಕಿನ ಒಂದು ಪ್ರೌಢಶಾಲೆಯಲ್ಲಿ ವಿಜ್ಞಾನ ಶಿಕ್ಷಕಿ. ಒಂಬತ್ತನೇ ತರಗತಿ ಮಕ್ಕಳನ್ನು ಕಟ್ಟಿಕೊಂಡು ‘ನಾವು ಕಲಿಯುವುದು ಹೇಗೆ’ ಅಂತ ಇಪ್ಪತ್ತು ನಿಮಿಷದ ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ಮೊಬೈಲಿನಲ್ಲೇ ಶೂಟಿಂಗ್. ಋತುಗಳ ಬಗ್ಗೆ ನಾನು ಮಾಡಿದ ಪಾಠ, ಅಡಿಕೆ ಸುಲಿಯುವ ಒಂದು ಮನೆ, ‘ಕಣ್ಣಿನಿಂದ ಕಲಿಯುವವರು, ಕಿವಿಯಿಂದ ಕಲಿಯುವವರು’ ಅನ್ನೋ ಒಂದು ಭಾಗ ಇದರಲ್ಲಿ ಬರುತ್ತವೆ. ಋತುಗಳ ಪಾಠದ ಕಿರುಪರೀಕ್ಷೆಯಲ್ಲಿ ಪೂರ್ತಿ ಅಂಕ ತೆಗೆದ ಹುಡುಗಿಯನ್ನು ಎರಡು ವಾರ ಬಿಟ್ಟು ಕ್ಯಾಮೆರಾ ಮುಂದೆ ಮಾತಾಡಿಸಿದೆ. ‘ಬೇಸಿಗೆಯಲ್ಲಿ ಸೂರ್ಯ ಹತ್ತಿರ ಬರ್ತಾನೆ, ಅದಕ್ಕೇ ಸೆಕೆ’ ಅಂದಳು. ನನಗೆ ನಾಚಿಕೆಯಾಯಿತು. ಆ ಎರಡು ನಿಮಿಷ ತೆಗೆದುಬಿಡಲೇ? ನೋಡಿದವರು ನಿಜವಾಗಿ ಏನಾದರೂ ಕಲಿಯಬೇಕಾದರೆ ಚಿತ್ರವನ್ನು ಹೇಗೆ ಕಟ್ಟಬೇಕು?

ಉತ್ತರ: ತೆಗೆಯಬೇಡಿ ಮೇಡಂ. ಬೇಕಾದರೆ ಉಳಿದ ಹದಿನೆಂಟು ನಿಮಿಷ ತೆಗೆಯಿರಿ, ಅದು ಇರಲಿ. ನಿಮ್ಮ ಚಿತ್ರ ಶುರುವಾಗಬೇಕಾದ್ದೇ ಅಲ್ಲಿಂದ.

ನಾಚಿಕೆ ಪಡುವ ಮೊದಲು ಒಂದು ಹಳೇ ಕತೆ ಕೇಳಿ. 1987ರಲ್ಲಿ ಅಮೆರಿಕದ ಹಾರ್ವರ್ಡ್‌ನ ಖಗೋಳ ಕೇಂದ್ರದವರು ನಿಮ್ಮ ಹಾಗೆಯೇ ಸುಮಾರು ಇಪ್ಪತ್ತು ನಿಮಿಷದ ಒಂದು ಸಾಕ್ಷ್ಯಚಿತ್ರ ಮಾಡಿದರು. ಪದವಿ ಪ್ರದಾನದ ದಿನ ಕ್ಯಾಮೆರಾ ಹಿಡಿದು ಹೋದರು. ಗೌನು ಹಾಕಿಕೊಂಡು ನಿಂತಿದ್ದವರನ್ನು, ಹಳೇ ವಿದ್ಯಾರ್ಥಿಗಳನ್ನು, ಅಧ್ಯಾಪಕರನ್ನು ಕೇಳಿದರು: ಬೇಸಿಗೆ, ಚಳಿಗಾಲ ಯಾಕೆ ಆಗುತ್ತೆ? ಚಂದ್ರ ಯಾಕೆ ದಿನಾ ಬೇರೆ ಆಕಾರದಲ್ಲಿ ಕಾಣ್ತಾನೆ? 23 ಜನರಲ್ಲಿ 21 ಜನ ತಪ್ಪು ಹೇಳಿದರು. ಅದೂ ತಡವರಿಸಿ ಅಲ್ಲ, ನಗುನಗುತ್ತಾ, ಕೈ ಆಡಿಸುತ್ತಾ, ಪಾಠ ಹೇಳುವವರ ಹಾಗೆ. ‘ಭೂಮಿ ಸೂರ್ಯನ ಹತ್ತಿರ ಹೋದಾಗ ಬೇಸಿಗೆ’ ಅನ್ನೋದೇ ಹೆಚ್ಚಿನವರ ಉತ್ತರ. ನಿಮ್ಮ ಹುಡುಗಿ ಹೇಳಿದ್ದೂ ಅದನ್ನೇ ಅಲ್ವಾ? ಒಳ್ಳೇ ಸಹವಾಸದಲ್ಲೇ ಇದ್ದಾಳೆ.

ಅದೇ ಚಿತ್ರದಲ್ಲಿ ಹತ್ತಿರದ ಶಾಲೆಯ ಒಬ್ಬ ಒಂಬತ್ತನೇ ತರಗತಿ ಹುಡುಗಿ ಬರುತ್ತಾಳೆ. ಟೀಚರ್ ಮೆಚ್ಚಿನ ಶಿಷ್ಯೆ. ಭೂಮಿ ಸುತ್ತುವ ದಾರಿ ಬರೆಯಮ್ಮಾ ಅಂದರೆ ಜಿಲೇಬಿ ಹಾಗೆ ಸುರುಳಿ ಸುರುಳಿ ಬರೆಯುತ್ತಾಳೆ. ಪಾಠ ಆದ ಮೇಲೆ ಮತ್ತೆ ಕೇಳುತ್ತಾರೆ. ಕೆಲವು ಸರಿಯಾಗಿರುತ್ತೆ. ಕೆಲವು ಹಳೇದೇ ಹೊಸ ಬಟ್ಟೆ ಹಾಕಿಕೊಂಡು ಕೂತಿರುತ್ತೆ. ಮಕ್ಕಳ ತಲೆ ಖಾಲಿ ಕೊಡಪಾನ ಅಲ್ಲ ಅನ್ನೋದನ್ನು ನಾವೆಲ್ಲ ಭಾಷಣದಲ್ಲಿ ಹೇಳುತ್ತೇವೆ. ಆ ಹುಡುಗಿ ಅದನ್ನು ಮಾಡಿ ತೋರಿಸುತ್ತಾಳೆ.

ಈಗ ನಿಮ್ಮ ಹುಡುಗಿಯ ವಿಷಯ. ಪರೀಕ್ಷೆಯಲ್ಲಿ ಅವಳು ಬರೆದಿದ್ದು ‘ಭೂಮಿಯ ಅಕ್ಷ 23.5 ಡಿಗ್ರಿ ವಾಲಿದೆ’ ಅಂತ ಇರಬೇಕು. ಅದು ಪಾಠದ ಮಾತು. ಕ್ಯಾಮೆರಾ ಮುಂದೆ ಹೇಳಿದ್ದು ಬಚ್ಚಲ ಒಲೆಯ ಮಾತು. ಮಲೆನಾಡಿನ ಮಗು ಚಳಿಗಾಲದ ಬೆಳಿಗ್ಗೆ ಹಂಡೆ ಒಲೆ ಮುಂದೆ ಕೂತು ದೊಡ್ಡದಾಗಿರುತ್ತೆ. ಹತ್ತಿರ ಹೋದರೆ ಬೆಚ್ಚಗೆ, ದೂರ ಸರಿದರೆ ಚಳಿ. ಅದನ್ನು ಯಾರೂ ಹೇಳಿಕೊಟ್ಟಿಲ್ಲ, ಮೈಗೇ ಗೊತ್ತು. ಸೂರ್ಯನೂ ಬೆಂಕಿ ತಾನೇ? ಹಾಗಾಗಿ ಅವಳು ಲೆಕ್ಕ ತಪ್ಪಿಲ್ಲ. ಒಳ್ಳೇ ಲೆಕ್ಕವನ್ನು ತಪ್ಪು ಜಾಗದಲ್ಲಿ ಹಾಕಿದ್ದಾಳೆ. ಎರಡು ಮಾತೂ ಅವಳ ತಲೆಯಲ್ಲಿ ಬೇರೆ ಬೇರೆ ಗೂಡಿನಲ್ಲಿ ಕೂತಿವೆ. ಒಂದನ್ನೊಂದು ನೋಡಿಯೇ ಇಲ್ಲ. ನಿಮ್ಮ ಪಾಠ ಹೊಸ ಗೂಡು ಕಟ್ಟಿತು, ಹಳೇ ಗೂಡಿಗೆ ಕೈ ಹಾಕಲಿಲ್ಲ.

ಇದರಲ್ಲಿ ನಮ್ಮ ಪಾಲೂ ಇದೆ. ನಾನು ಮೇಷ್ಟ್ರುಗಳಿಗೆ ತರಬೇತಿ ಕೊಡೋಕೆ ಶುರು ಮಾಡಿದ ಹೊಸದರಲ್ಲಿ ಒಂದು ದಿನ ಕಪ್ಪು ಹಲಗೆ ಮೇಲೆ ಭೂಮಿಯ ಪಥ ಬರೆದೆ. ಚೆನ್ನಾಗಿ ಕಾಣಲಿ ಅಂತ ಉದ್ದನೆಯ ಕೋಳಿಮೊಟ್ಟೆ ಹಾಗೆ ಬರೆದೆ. ಅರ್ಧ ಗಂಟೆ ಅಕ್ಷದ ವಾಲಿಕೆ ವಿವರಿಸಿದೆ. ಊಟ ಆದ ಮೇಲೆ ಸುಮ್ನೆ ನೋಟ್ಸ್ ತಿರುವಿ ನೋಡಿದರೆ, ಎಷ್ಟೋ ಪುಸ್ತಕದಲ್ಲಿ ಅದೇ ಮೊಟ್ಟೆ, ಸೂರ್ಯನಿಗೆ ಹತ್ತಿರದ ತುದಿಯಲ್ಲಿ ಅಂದವಾಗಿ ‘ಬೇಸಿಗೆ’ ಅಂತ ಬರೆದಿದ್ದರು. ನನ್ನ ಬಾಯಿ ಒಂದು ಹೇಳಿತ್ತು, ನನ್ನ ಸೀಮೆಸುಣ್ಣ ಇನ್ನೊಂದು ಹೇಳಿತ್ತು. ಅವರು ಸೀಮೆಸುಣ್ಣ ನಂಬಿದರು.

ನಿಜವಾದ ಪಥ ಹೇಗಿದೆ ಗೊತ್ತಾ? ಹಾಳೆಯಲ್ಲಿ 30 ಸೆಂ.ಮೀ. ಅಗಲಕ್ಕೆ ಬರೆದರೆ ಉದ್ದಕ್ಕೂ ಅಗಲಕ್ಕೂ ಇರುವ ವ್ಯತ್ಯಾಸ ಒಂದು ಮಿಲಿಮೀಟರಿನ ಹತ್ತನೇ ಒಂದು ಭಾಗವೂ ಬರೋದಿಲ್ಲ. ಪೆನ್ಸಿಲ್ ಗೆರೆಯೇ ಅದಕ್ಕಿಂತ ದಪ್ಪ. ಸೂರ್ಯ ಮಾತ್ರ ನಟ್ಟನಡುವೆ ಇರದೆ ಎರಡೂವರೆ ಮಿಲಿಮೀಟರ್ ಪಕ್ಕಕ್ಕೆ ಸರಿದಿರುತ್ತಾನೆ. ಭೂಮಿ ಸೂರ್ಯನಿಗೆ ಅತಿ ಹತ್ತಿರ ಇರೋದು ಜನವರಿ ಮೊದಲ ವಾರದಲ್ಲಿ, ಸುಮಾರು 14.7 ಕೋಟಿ ಕಿ.ಮೀ. ಅತಿ ದೂರ ಜುಲೈ ಮೊದಲ ವಾರದಲ್ಲಿ, ಸುಮಾರು 15.2 ಕೋಟಿ ಕಿ.ಮೀ. ಅಂದರೆ ನಾವು ಕಂಬಳಿ ಹೊದ್ದು ನಡುಗುವಾಗಲೇ ಸೂರ್ಯ ಹತ್ತಿರ!

ಆದರೆ ಈ ಅಂಕಿಗಳನ್ನು ಮೊದಲೇ ಸುರಿಯಬೇಡಿ. ಅದೂ ಪಾಠದ ಗೂಡಿಗೇ ಹೋಗುತ್ತೆ. ಹಳೇ ಗೂಡು ಅಲುಗಬೇಕಾದರೆ ಅವಳಿಗೆ ಮೊದಲೇ ಗೊತ್ತಿರುವ ಯಾವುದೋ ಒಂದು ಅಡ್ಡ ನಿಲ್ಲಬೇಕು. ಕ್ರಿಕೆಟ್ ನೋಡುತ್ತಾಳಾ ಕೇಳಿ. ಡಿಸೆಂಬರ್ 26ಕ್ಕೆ ಮೆಲ್ಬರ್ನ್‌ನಲ್ಲಿ ಟೆಸ್ಟ್ ಶುರುವಾಗುತ್ತೆ. ಇಲ್ಲಿ ಬೆಳಿಗ್ಗೆ ಎದ್ದು ಸ್ವೆಟರ್ ಹಾಕಿಕೊಂಡು ಟಿವಿ ಮುಂದೆ ಕೂತರೆ, ಅಲ್ಲಿ ಆಟಗಾರರು ಬಿಸಿಲಿಗೆ ಅಗಲ ಟೋಪಿ ಹಾಕಿ, ಮೂಗಿಗೆ ಬಿಳಿ ಕ್ರೀಮ್ ಮೆತ್ತಿಕೊಂಡು ನಿಂತಿರುತ್ತಾರೆ. ‘ಸೂರ್ಯ ಹತ್ತಿರ ಬಂದರೆ ಇಡೀ ಭೂಮಿಗೆ ಹತ್ತಿರ ಅಲ್ವಾ? ಹಾಗಾದರೆ ಅವರಿಗೆ ಬೇಸಿಗೆ, ನಮಗೆ ಚಳಿ ಹೇಗೆ?’ ಇಷ್ಟು ಕೇಳಿ ಸುಮ್ಮನಾಗಿ. ಕ್ಯಾಮೆರಾ ಓಡುತ್ತಿರಲಿ. ಅವಳ ಮುಖದ ಮೇಲೆ ಏನಾಗುತ್ತೆ ನೋಡಿ. ನಿಮ್ಮ ಇಡೀ ಚಿತ್ರದ ಬೆಲೆ ಆ ಕೆಲವು ಸೆಕೆಂಡಿನಲ್ಲಿದೆ.

ಸುಮ್ಮನಾಗೋದು ಸುಲಭ ಅಲ್ಲ. ಮೇರಿ ಬಡ್ ರೋ ಅನ್ನೋ ಸಂಶೋಧಕಿ 1970ರ ದಶಕದಲ್ಲಿ ತರಗತಿಗಳನ್ನು ಅಳೆದು ನೋಡಿದರು. ಪ್ರಶ್ನೆ ಕೇಳಿದ ಮೇಲೆ ಟೀಚರ್ ಕಾಯುವುದು ಸರಾಸರಿ ಒಂದೇ ಸೆಕೆಂಡ್. ಅದನ್ನು ಮೂರು ಸೆಕೆಂಡಿಗೆ ಏರಿಸಿದರೆ ಸಾಕು, ಮಕ್ಕಳ ಉತ್ತರ ಉದ್ದವಾಗುತ್ತಿತ್ತು, ಬಾಯಿ ಬಿಡದ ಮಕ್ಕಳೂ ಮಾತಾಡುತ್ತಿದ್ದರು. ಮೂರು ಸೆಕೆಂಡ್ ನೀವೇ ಎಣಿಸಿ ನೋಡಿ, ಯುಗ ಅನ್ನಿಸುತ್ತೆ. ಇನ್ನೊಂದು, ಅವಳು ಉತ್ತರ ಹೇಳುವಾಗ ತಲೆ ಆಡಿಸಬೇಡಿ. ನಮ್ಮ ಮಕ್ಕಳು ಪುಸ್ತಕಕ್ಕಿಂತ ಚೆನ್ನಾಗಿ ಟೀಚರ್ ಮುಖ ಓದುತ್ತಾರೆ.

ಇಲ್ಲಿ ಮಲೆನಾಡಿನವರಿಗೇ ಮೀಸಲಾದ ಒಂದು ತೊಡಕಿದೆ. ಬಹುಶಃ ನಿಮ್ಮ ಪಾಠ ಜಾರಿದ್ದೂ ಅಲ್ಲೇ. ಪುಸ್ತಕದ ಪ್ರಕಾರ ಜೂನ್ 21ಕ್ಕೆ ಉತ್ತರ ಗೋಳ ಸೂರ್ಯನ ಕಡೆಗೆ ಹೆಚ್ಚು ವಾಲಿರುತ್ತೆ. ಹಾಗಾದರೆ ಜೂನ್ ಕೊನೆಗೆ ಸೆಕೆ ಜಾಸ್ತಿ ಇರಬೇಕು. ನಿಮ್ಮ ಹುಡುಗಿ ಕಂಡ ಜೂನ್ ಯಾವುದು? ಆಗುಂಬೆ ನಿಮ್ಮದೇ ತಾಲ್ಲೂಕು, ವರ್ಷಕ್ಕೆ ಸರಾಸರಿ 7,000 ಮಿ.ಮೀ. ದಾಟಿ ಮಳೆ ಬೀಳುವ ಊರು. ಜೂನ್ ಅಂದರೆ ಒದ್ದೆ ಬಟ್ಟೆ, ಒಲೆ ಮೇಲೆ ಹಗ್ಗ ಕಟ್ಟಿ ಒಣಗಿಸೋದು, ಜಿಗಣೆ. ಸೆಕೆ ಇರೋದು ಮಾರ್ಚ್, ಏಪ್ರಿಲ್‌ನಲ್ಲಿ. ‘ಶಿವರಾತ್ರಿಗೆ ಚಳಿ ಶಿವಶಿವಾ ಅಂತ ಓಡಿಹೋಗುತ್ತೆ’ ಅನ್ನೋದು ಅವಳ ಅಜ್ಜಿಗೂ ಗೊತ್ತು. ಅಂದರೆ ಪಾಠದಲ್ಲಿ ಬರುವ ಬೇಸಿಗೆ ಯೂರೋಪಿನ ಬೇಸಿಗೆ. ಅವಳ ಅಂಗಳದ ಬೇಸಿಗೆಗೂ ಅದಕ್ಕೂ ತಾಳೆ ಆಗೋದಿಲ್ಲ. ತಾಳೆ ಆಗದ ಮಾತನ್ನು ಪರೀಕ್ಷೆಗೆ ಇಟ್ಟುಕೊಂಡು, ಬದುಕಿಗೆ ಹಳೇದನ್ನೇ ಇಟ್ಟುಕೊಂಡಿದ್ದಾಳೆ. ಜಾಣೆ.

ಆದ್ದರಿಂದ ಅಕ್ಷ, ವಾಲಿಕೆ ಎಲ್ಲ ಪಕ್ಕಕ್ಕಿಟ್ಟು ನೆರಳಿನಿಂದ ಶುರು ಮಾಡಿ. ಗ್ರಹಣದ ದಿನ ಒನಕೆ ನಿಲ್ಲಿಸುತ್ತಾರಲ್ಲ, ಹಾಗೆ ಅಂಗಳದಲ್ಲಿ ಒಂದು ಮೀಟರ್ ಉದ್ದದ ಕೋಲು ನೆಟ್ಟಗೆ ನಿಲ್ಲಿಸಿ. ಗಡಿಯಾರದ 12 ಗಂಟೆಗೆ ಅಲ್ಲ, 12.30ರ ಸುಮಾರಿಗೆ ಅಳೆಯಿರಿ. ನಮ್ಮ ಗಡಿಯಾರ 82.5 ಡಿಗ್ರಿ ರೇಖಾಂಶದ್ದು, ಶಿವಮೊಗ್ಗ ಅದಕ್ಕಿಂತ ಏಳು ಡಿಗ್ರಿಯಷ್ಟು ಪಶ್ಚಿಮಕ್ಕಿದೆ. ಹಾಗಾಗಿ ನಮ್ಮ ನಡುಮಧ್ಯಾಹ್ನ ಅರ್ಧ ಗಂಟೆ ತಡ. ಡಿಸೆಂಬರ್ 21ಕ್ಕೆ ಆ ಕೋಲಿನ ನೆರಳು ಉತ್ತರಕ್ಕೆ ಸುಮಾರು 76 ಸೆಂ.ಮೀ. ಚಾಚುತ್ತೆ. ಮಾರ್ಚ್ 21ರ ಹೊತ್ತಿಗೆ 25 ಸೆಂ.ಮೀ.ಗೆ ಇಳಿಯುತ್ತೆ. ಏಪ್ರಿಲ್ 27, 28ರ ಸುಮಾರಿಗೆ ನೆರಳೇ ಮಾಯ, ಸೂರ್ಯ ನೆತ್ತಿ ಮೇಲೆ. ಆಮೇಲೆ ನಮ್ಮವರು ಹೆಚ್ಚಿನವರು ಗಮನಿಸದ ಒಂದು ಸಂಗತಿ: ನೆರಳು ದಕ್ಷಿಣಕ್ಕೆ ತಿರುಗುತ್ತೆ. ಜೂನ್ 21ಕ್ಕೆ ಸುಮಾರು 17 ಸೆಂ.ಮೀ., ದಕ್ಷಿಣದ ಕಡೆ. ಅಂದರೆ ಮಧ್ಯಾಹ್ನದ ಸೂರ್ಯ ನಮ್ಮ ಉತ್ತರಕ್ಕಿರುತ್ತಾನೆ. ಮೋಡದ ಹಿಂದೆ ಇರೋದರಿಂದ ಯಾರಿಗೂ ಕಾಣೋದಿಲ್ಲ, ಅಷ್ಟೇ.

ನೆರಳು ಉದ್ದ ಅಂದರೆ ಬಿಸಿಲು ಓರೆ, ಅಕ್ಷ ವಾಲಿರೋದರಿಂದಲೇ ಈ ಏರಿಳಿತ. ಓರೆ ಬಿಸಿಲು ಯಾಕೆ ತಂಪು ಅಂತ ತೋರಿಸೋಕೆ ಗ್ರಾಫಿಕ್ಸ್ ಬೇಡ. ನಿಮ್ಮೂರಿನ ಅಂಗಳದಲ್ಲೇ ಇದೆ. ಒಂದು ಬುಟ್ಟಿ ಅಡಿಕೆಯನ್ನು ಒಂದು ಚಾಪೆ ಮೇಲೆ ಹರಡಿದರೆ ದಟ್ಟವಾಗಿ ಬೀಳುತ್ತೆ, ಅದೇ ಬುಟ್ಟಿಯನ್ನು ಅಂಗಳದ ತುಂಬ ಹರಡಿದರೆ ತೆಳುವಾಗುತ್ತೆ. ಬುಟ್ಟಿ ಅಷ್ಟೇ, ಅಡಿಕೆ ಅಷ್ಟೇ. ಡಿಸೆಂಬರಿನ ಬಿಸಿಲು ಅಗಲಕ್ಕೆ ಹರಡಿದ ಅಡಿಕೆ. ಹಗಲೂ ಆಗ ಚಿಕ್ಕದು.

ಇನ್ನು ಅಡಿಕೆ ಸುಲಿಯುವ ಮನೆ. ಇದು ಚಿತ್ರದಲ್ಲಿ ಇರಲೇಬೇಕು. ಆದರೆ ‘ನೋಡಿ, ನಮ್ಮ ಹಿರಿಯರ ಕೌಶಲ’ ಅಂತ ಹಿನ್ನೆಲೆಯಲ್ಲಿ ಕೊಳಲು ಬಾರಿಸಿಬಿಟ್ಟರೆ ವ್ಯರ್ಥ. ಮೆಟ್ಟುಗತ್ತಿ ಮುಂದೆ ಕೂತ ಹೆಂಗಸಿನ ಕೈಯನ್ನೇ ನೋಡುತ್ತಾ ಐದು ನಿಮಿಷ ಕೂರಿ. ಪಕ್ಕದವಳ ಜೊತೆ ಮಗಳ ಮದುವೆ ಮಾತಾಡುತ್ತಿರುತ್ತಾಳೆ. ಕಣ್ಣು ಅಡಿಕೆ ಮೇಲಿಲ್ಲ. ಕಾಯಿ ಕತ್ತಿಗೆ ಒತ್ತುತ್ತೆ, ಸಿಪ್ಪೆ ಬಿಚ್ಚುತ್ತೆ, ಇನ್ನೊಂದು ಒತ್ತಿಗೆ ಬೇಳೆ ಬುಟ್ಟಿಗೆ ಬೀಳುತ್ತೆ, ಆಗಲೇ ಎಡಗೈ ಮುಂದಿನ ಕಾಯಿ ಹುಡುಕಿರುತ್ತೆ. ‘ಹೇಗೆ ಮಾಡ್ತೀರಿ?’ ಅಂತ ಕೇಳಿ. ‘ಹೀಗೇ’ ಅಂತ ಇನ್ನೊಂದು ಸುಲಿದು ತೋರಿಸುತ್ತಾಳೆ. ಅವಳಿಗೆ ಅದನ್ನು ಮಾತಲ್ಲಿ ಹೇಳೋಕೆ ಬರೋದಿಲ್ಲ, ಬರಬೇಕಾಗಿಯೂ ಇಲ್ಲ. ನಿಮ್ಮ ಹುಡುಗಿಯದು ಇದರ ತದ್ವಿರುದ್ಧ: ಮಾತು ಬಂತು, ಒಳಗೆ ಇಳಿದಿಲ್ಲ.

ಈ ಎರಡು ದೃಶ್ಯ ಅಕ್ಕಪಕ್ಕ ಇಟ್ಟರೆ ಒಂದು ದೊಡ್ಡ ವಿಷಯ ತಾನಾಗೇ ಹೊರಗೆ ಬರುತ್ತೆ. ಹೊಸದಾಗಿ ಸುಲಿಯೋಕೆ ಕೂತ ಹುಡುಗಿ ತಪ್ಪು ಮಾಡಿದರೆ ಕತ್ತಿ ಆ ಕ್ಷಣವೇ ಹೇಳಿಬಿಡುತ್ತೆ. ಬೇಳೆಗೆ ಗಾಯ ಆಗುತ್ತೆ, ಇಲ್ಲ ಬೆರಳಿಗೆ. ಒಂದು ರಾತ್ರಿಯಲ್ಲಿ ಸಾವಿರ ಸಲ ತಪ್ಪು, ಸಾವಿರ ಸಲ ತಿದ್ದುಪಡಿ. ಸೂರ್ಯ ಹಾಗಲ್ಲ. ‘ನೀನು ಹತ್ತಿರ ಬರ್ತೀಯ’ ಅಂತ ಎಂಬತ್ತು ವರ್ಷ ನಂಬಿಕೊಂಡು ಬದುಕಿದರೂ ಅವನು ಏನೂ ಅನ್ನೋದಿಲ್ಲ. ತೋಟ ಬೆಳೆಯುತ್ತೆ, ಮದುವೆ ಆಗುತ್ತೆ, ಹಾರ್ವರ್ಡ್ ಪದವಿಯೂ ಸಿಗುತ್ತೆ. ಏಟು ಕೊಡದ ತಪ್ಪು ಉಳಿದುಕೊಳ್ಳುತ್ತೆ. ಆ ಏಟನ್ನು ಮೆತ್ತಗೆ ಕೊಡೋದೇ ಮೇಷ್ಟ್ರ ಕೆಲಸ. ನೆರಳಿನ ಕೋಲು, ಮೆಲ್ಬರ್ನ್ ಪ್ರಶ್ನೆ ಎಲ್ಲ ಅದಕ್ಕೇ.

ಆ ಮನೆಗೆ ಹೋದಾಗ ತೋಟದ ಕಡೆಗೂ ಕ್ಯಾಮೆರಾ ತಿರುಗಿಸಿ, ಇನ್ನೊಂದು ಪ್ರಶ್ನೆ ಕೇಳಿ: ‘ಈ ಮರದ ತೂಕ ಎಲ್ಲಿಂದ ಬಂತು?’ ಮಣ್ಣು, ನೀರು, ಗೊಬ್ಬರ ಅಂತ ಬರುತ್ತೆ. ಸೊಪ್ಪಿನ ಬೆಟ್ಟದಿಂದ ಸೊಪ್ಪು ಹೊತ್ತು ಹೊತ್ತು ಹಾಕಿದವರು ಬೇರೆ ಏನು ಹೇಳಬೇಕು? ಹಾರ್ವರ್ಡ್ ತಂಡ ಮುಂದೆ ಇದೇ ಪ್ರಶ್ನೆಯನ್ನು ಅಮೆರಿಕದ ಹೆಸರಾಂತ ತಂತ್ರಜ್ಞಾನ ಸಂಸ್ಥೆ ಎಂಐಟಿಯ ಪದವೀಧರರಿಗೂ ಕೇಳಿತು. ಅವರ ಉತ್ತರ ನಿಮ್ಮ ತೋಟದವರಿಗಿಂತ ಉತ್ತಮವಾಗೇನೂ ಇರಲಿಲ್ಲ. 1648ರಲ್ಲಿ ಅಚ್ಚಾದ ವಾನ್ ಹೆಲ್ಮಾಂಟ್‌ನ ಪ್ರಯೋಗ ಇಲ್ಲಿ ಚೆನ್ನಾಗಿ ಹೊಂದುತ್ತೆ. ಸುಮಾರು 90 ಕೆ.ಜಿ. ಒಣ ಮಣ್ಣಿನ ಕುಂಡದಲ್ಲಿ ವಿಲೋ ಗಿಡ ನೆಟ್ಟು ಐದು ವರ್ಷ ಬರೀ ನೀರು ಹಾಕಿದ. ಗಿಡ 75 ಕೆ.ಜಿ.ಯಷ್ಟು ಹೆಚ್ಚಿತು, ಮಣ್ಣು ಕರಗಿದ್ದು 60 ಗ್ರಾಂ ಒಳಗೆ. ಹಾಗಾದರೆ ಮರ ಆಗಿದ್ದು ನೀರಿನಿಂದ ಅಂತ ತೀರ್ಮಾನಿಸಿದ. ಅವನೂ ತಪ್ಪಿದ! ಒಣಗಿದ ಮರದ ಅರ್ಧದಷ್ಟು ತೂಕ ಇಂಗಾಲ, ಅದು ಬಂದಿದ್ದು ಗಾಳಿಯಿಂದ. ಗೊಬ್ಬರ ಬೇಕೇ ಬೇಕು, ಆದರೆ ತೂಕಕ್ಕಲ್ಲ. ದೊಡ್ಡ ವಿಜ್ಞಾನಿ ಒಳ್ಳೇ ಪ್ರಯೋಗ ಮಾಡಿಯೂ ಎಡವಿದ್ದು ಮಕ್ಕಳಿಗೆ ತುಂಬ ಇಷ್ಟ ಆಗುತ್ತೆ, ನೋಡ್ತಿರಿ.

‘ಕಣ್ಣಿನಿಂದ ಕಲಿಯುವವರು, ಕಿವಿಯಿಂದ ಕಲಿಯುವವರು’ ಭಾಗಕ್ಕೆ ಮಾತ್ರ ಧಾರಾಳವಾಗಿ ಕತ್ತರಿ ಹಾಕಿ. ಎಲ್ಲ ತರಬೇತಿಯಲ್ಲೂ ಹೇಳುತ್ತಾರೆ, ಒಂದು ಕಾಲದಲ್ಲಿ ನಾನೂ ಹೇಳಿದ್ದೇನೆ. 2008ರಲ್ಲಿ ಪ್ಯಾಶ್ಲರ್ ಅನ್ನೋ ಮನಶ್ಶಾಸ್ತ್ರಜ್ಞ ಮತ್ತು ಮೂವರು ಸಂಗಡಿಗರು ಇದರ ಬಗ್ಗೆ ಬಂದಿದ್ದ ಅಧ್ಯಯನಗಳನ್ನು ಜಾಲಿಸಿ ನೋಡಿದರು. ಮಗುವಿನ ‘ಶೈಲಿ’ಗೆ ತಕ್ಕ ಹಾಗೆ ಪಾಠ ಮಾಡಿದರೆ ಹೆಚ್ಚು ಕಲಿಯುತ್ತೆ ಅನ್ನೋದಕ್ಕೆ ಗಟ್ಟಿ ಪುರಾವೆ ಸಿಗಲಿಲ್ಲ. ಪದ್ಯ ಕಿವಿಯಿಂದ, ನಕ್ಷೆ ಕಣ್ಣಿಂದ, ಸುಲಿಯೋದು ಕೈಯಿಂದ. ಇದನ್ನು ತೀರ್ಮಾನ ಮಾಡೋದು ವಿಷಯ, ಮಗು ಅಲ್ಲ.

ಚಿತ್ರ ಹೇಗೆ ಕಟ್ಟಬೇಕು ಅಂತ ಕೇಳಿದಿರಿ. ಇದರ ಬಗ್ಗೆ ಡೆರೆಕ್ ಮುಲ್ಲರ್ ಅವರ ಕೆಲಸ ನಿಮಗೆ ಉಪಯೋಗ ಆಗುತ್ತೆ. ವೆರಿಟಾಸಿಯಂ ಅನ್ನೋ ವಿಜ್ಞಾನದ ಯೂಟ್ಯೂಬ್ ಚಾನೆಲ್ ಶುರು ಮಾಡಿದ್ದು ಅವರೇ. ಅದಕ್ಕೂ ಮುಂಚೆ, 2008ರಲ್ಲಿ, ಸಿಡ್ನಿ ವಿಶ್ವವಿದ್ಯಾಲಯದಲ್ಲಿ ಅವರು ಪಿಎಚ್‌ಡಿ ಮುಗಿಸಿದ್ದು ಇಂಥದ್ದೇ ಪ್ರಶ್ನೆ ಮೇಲೆ: ವಿಜ್ಞಾನದ ವಿಡಿಯೊ ನೋಡಿ ಜನ ಕಲಿಯುತ್ತಾರಾ? ಒಂದು ಗುಂಪಿಗೆ ನೇರವಾಗಿ, ಸ್ಪಷ್ಟವಾಗಿ ವಿವರಿಸುವ ವಿಡಿಯೊ ತೋರಿಸಿದರು. ಎಲ್ಲರೂ ‘ಚೆನ್ನಾಗಿ ಅರ್ಥ ಆಯ್ತು’ ಅಂದರು. ಪರೀಕ್ಷೆ ಮಾಡಿದರೆ ಹೆಚ್ಚುಕಮ್ಮಿ ಮೊದಲಿನಷ್ಟೇ ಅಂಕ. ತಾವು ಮೊದಲಿಂದ ನಂಬಿದ್ದನ್ನೇ ವಿಡಿಯೊ ಹೇಳಿತು ಅಂದುಕೊಂಡು ಎದ್ದು ಹೋಗಿದ್ದರು, ಧೈರ್ಯ ಮಾತ್ರ ಹೆಚ್ಚಾಗಿತ್ತು. ಇನ್ನೊಂದು ವಿಡಿಯೊದಲ್ಲಿ ಇಬ್ಬರು ಮಾತಾಡುತ್ತಾರೆ, ಒಬ್ಬ ಸಾಮಾನ್ಯರು ಹೇಳುವ ತಪ್ಪನ್ನೇ ಹೇಳುತ್ತಾನೆ, ಅದನ್ನು ಎಳೆ ಎಳೆಯಾಗಿ ಬಿಡಿಸುತ್ತಾರೆ. ಇದನ್ನು ನೋಡಿದವರು ‘ಗೊಂದಲ ಆಯ್ತು’ ಅಂದರು. ಅಂಕ ಮಾತ್ರ ಬಹಳ ಏರಿತ್ತು.

ಹಾಗಾಗಿ ನಿಮ್ಮ ಚಿತ್ರ ನೋಡಿ ಯಾರಾದರೂ ‘ತುಂಬಾ ಸಲೀಸಾಗಿತ್ತು ಮೇಡಂ’ ಅಂದರೆ ಸ್ವಲ್ಪ ಅನುಮಾನ ಪಡಿ. ಮೊದಲ ನಿಮಿಷದಲ್ಲೇ ಪ್ರಶ್ನೆ ಪರದೆ ಮೇಲೆ ಬರಲಿ. ಉತ್ತರ ಕೊಡಬೇಡಿ. ‘ಚಿತ್ರ ನಿಲ್ಲಿಸಿ, ನಿಮ್ಮ ಉತ್ತರ ಚೀಟಿಯಲ್ಲಿ ಬರೆದು ಜೇಬಿಗೆ ಹಾಕಿಕೊಳ್ಳಿ’ ಅಂತ ಹೇಳಿ. ಜೇಬಿನಲ್ಲಿ ಚೀಟಿ ಇದ್ದವನು ಚಿತ್ರವನ್ನು ಬೇರೆ ಥರಾನೇ ನೋಡುತ್ತಾನೆ. ಕೊನೆಯಲ್ಲಿ ಸಾರಾಂಶ ಓದಿಸಬೇಡಿ, ನೋಡಿದವರ ಹತ್ತಿರವೇ ಹೇಳಿಸಿ. 2006ರಲ್ಲಿ ರೋಡಿಗರ್ ಮತ್ತು ಕಾರ್ಪಿಕ್ ಅನ್ನೋ ಮನಶ್ಶಾಸ್ತ್ರಜ್ಞರು ಮಾಡಿದ ಪ್ರಯೋಗ ಒಂದಿದೆ. ಒಂದು ಪಾಠವನ್ನು ಕೆಲವರು ಎರಡು ಸಲ ಓದಿದರು. ಉಳಿದವರು ಒಮ್ಮೆ ಓದಿ, ಪುಸ್ತಕ ಮುಚ್ಚಿ ನೆನಪಿದ್ದಷ್ಟು ಬರೆದರು. ಐದು ನಿಮಿಷದ ನಂತರ ಕೇಳಿದಾಗ ಎರಡು ಸಲ ಓದಿದವರೇ ಮುಂದೆ. ವಾರ ಬಿಟ್ಟು ಕೇಳಿದಾಗ ಅವರಿಗೆ ಉಳಿದಿದ್ದು ಶೇ 42, ಪುಸ್ತಕ ಮುಚ್ಚಿ ಬರೆದವರಿಗೆ ಶೇ 56. ನಿಮ್ಮ ಕಿರುಪರೀಕ್ಷೆ ಪಾಠದ ಬೆನ್ನಲ್ಲೇ ನಡೆದಿರಬೇಕು. ಆ ಪೂರ್ತಿ ಅಂಕವನ್ನು ಅದಕ್ಕೇ ಅಷ್ಟು ನಂಬಬೇಡಿ.

ಒಂದು ಮಾತು ಮಾತ್ರ ಖಂಡಿತ. ಹುಡುಗಿಯನ್ನು ನಗೆಪಾಟಲು ಮಾಡಬಾರದು. ಅವಳ ಹತ್ತಿರ, ಅವಳ ಅಪ್ಪ ಅಮ್ಮನ ಹತ್ತಿರ ಕೇಳಿ, ಒಪ್ಪಿದರೆ ಮಾತ್ರ ಹಾಕಿ. ಹಾರ್ವರ್ಡ್‌ನವರು ಮೊದಲು ತೋರಿಸಿದ್ದು ಗೌನು ತೊಟ್ಟ ದೊಡ್ಡವರನ್ನು, ಆಮೇಲೆ ಶಾಲೆಯ ಹುಡುಗಿಯನ್ನು. ಆ ಕ್ರಮ ನೀವೂ ಇಟ್ಟುಕೊಳ್ಳಿ. ಊರಿನ ಇಂಜಿನಿಯರ್, ಬ್ಯಾಂಕಿನವರು, ಶಾಲೆಯ ಉಳಿದ ಮೇಷ್ಟ್ರುಗಳು ಮೊದಲು ಬರಲಿ. ಎಲ್ಲರಿಗಿಂತ ಮೊದಲು ನೀವೇ ಕ್ಯಾಮೆರಾ ಮುಂದೆ ಕೂರಿ, ಆ ಹುಡುಗಿ ನಿಮ್ಮನ್ನು ಪ್ರಶ್ನೆ ಕೇಳಲಿ. ಚಂದ್ರನ ಆಕಾರ ಯಾಕೆ ಬದಲಾಗುತ್ತೆ ಅಂತ ಕೇಳಿಸಿಕೊಳ್ಳಿ, ತಯಾರಿ ಮಾಡಿಕೊಳ್ಳದೆ. ಭೂಮಿಯ ನೆರಳು ಅನ್ನೋ ತಪ್ಪುತ್ತರವೇ ಬಾಯಿಗೆ ಬಂದರೆ ಅದನ್ನೂ ಉಳಿಸಿಕೊಳ್ಳಿ.

ಕೊನೆಯ ದೃಶ್ಯಕ್ಕೆ ಅವಸರ ಬೇಡ. ಏಪ್ರಿಲ್ ಕೊನೆಗೆ ನೆರಳು ಮಾಯವಾಗುವಾಗ ರಜೆ ಇರುತ್ತೆ, ಮಕ್ಕಳು ಅವರವರ ಅಂಗಳದಲ್ಲೇ ಚಿತ್ರೀಕರಿಸಿ ಕಳಿಸಲಿ. ಆದರೆ ಸೂರ್ಯ ವಾಪಸ್ ಬರುವಾಗ ಇನ್ನೊಂದು ಸಲ ನಿಮ್ಮ ನೆತ್ತಿ ಮೇಲೆ ಹಾಯುತ್ತಾನೆ, ಅದು ಬೀಳೋದು ಆಗಸ್ಟ್ 15ರ ಸುಮಾರಿಗೆ. ಬಾವುಟ ಹಾರಿಸಿ, ಸಿಹಿ ಹಂಚಿ ಆದ ಮೇಲೆ ಆ ಹುಡುಗಿಯನ್ನೂ ಒಂದಿಬ್ಬರನ್ನೂ ಉಳಿಸಿಕೊಳ್ಳಿ. 12.30ರ ಹೊತ್ತಿಗೆ ಬಿಸಿಲಿದ್ದರೆ ಧ್ವಜಕಂಬದ ನೆರಳು ಅದರ ಬುಡದಲ್ಲೇ ಮುದುರಿ ಕೂತಿರುತ್ತೆ. ಅವಳನ್ನು ಅಲ್ಲೇ ನಿಲ್ಲಿಸಿ ಹಳೇ ಪ್ರಶ್ನೆಯನ್ನೇ ಮತ್ತೆ ಕೇಳಿ, ಏನು ಹೇಳಿದರೂ ಇರಲಿ. ಮಳೆ ಹೊಡೀತಿದ್ದರೆ, ನಿಮ್ಮ ಕಡೆ ಹೊಡೆಯೋದೇ ಜಾಸ್ತಿ, ಜಗುಲಿ ಮೇಲೆ ನಿಂತು ಮೋಡವನ್ನೇ ಶೂಟ್ ಮಾಡಿ. ನೆತ್ತಿ ಮೇಲೆ ಸೂರ್ಯ ಇದ್ದೂ ಸ್ವೆಟರ್ ಯಾಕೆ ಅಂತ ಅವಳನ್ನೇ ಕೇಳಿ.